ಕೋರ್ಟ್ ಆದೇಶ ಐತಿ, ಪಾಲನೆ ಇಲ್ಲ: ನ್ಯಾಯಾಂಗ ನಿಂದನೆ ಅರ್ಜಿ ಎಲ್ಲಿ ಹಾಕಬೇಕು, ಯಾವಾಗಿನೊಳಗೆ ಹಾಕಬೇಕು?

ಬಾಂದುಕಲ್ಲು ಕೇಳಿದ್ದು:

ಎಲ್ಲರಿಗೂ ನಮಸ್ಕಾರ ರೀ. ಬಾಗಲಕೋಟೆ ಜಿಲ್ಲೆಯ ಜಮೀನಿನ ವಿಷಯ. ಎರಡು ಆದೇಶ ಅದಾವು, ಎರಡೂ ಕಾಗದದ ಮ್ಯಾಲೆ ಉಳಿದಾವು.

ಒಂದನೇದು ಹೈಕೋರ್ಟಿನ ಧಾರವಾಡ ಪೀಠದ ರಿಟ್ ಆದೇಶ, 2024ರ ಡಿಸೆಂಬರ್‌ದು. ಹದ್ದುಬಸ್ತಿಗೆ (ಜಮೀನು ಅಳೆದು ಗಡಿ ಗುರುತಿಸೋದಕ್ಕೆ) ಕೊಟ್ಟ ಅರ್ಜಿ ವರ್ಷಗಟ್ಟಲೆ ಕುಂತಿತ್ತು. ಆದೇಶದ ಕೊನೆಯ ಸಾಲಿನ ಸಾರಾಂಶ: ಎರಡನೇ ಪ್ರತಿವಾದಿ (ಅಂದರೆ ಕಚೇರಿಯ ಅಧಿಕಾರಿ) ಈ ಆದೇಶದ ದೃಢೀಕೃತ ನಕಲು ತಲುಪಿದ 8 ವಾರದೊಳಗೆ ಅರ್ಜಿಯನ್ನು ಕಾನೂನಿನ ಪ್ರಕಾರ ಪರಿಗಣಿಸಿ ಇತ್ಯರ್ಥಪಡಿಸಬೇಕು. ನಕಲನ್ನು 2025ರ ಜನವರಿ 20ಕ್ಕೆ ಕಚೇರಿಯ ಟಪಾಲಿನಲ್ಲಿ ಕೊಟ್ಟು ಸೀಲು ಹಾಕಿಸಿಕೊಂಡಿದ್ದೇವೆ. ಆಗ ಇದ್ದ ಅಧಿಕಾರಿ ಜೂನ್‌ನಲ್ಲಿ ವರ್ಗ ಆದರು. ಆಗಸ್ಟ್‌ನಲ್ಲಿ ಒಂದು ಹಿಂಬರಹ (ಕಚೇರಿಯ ಲಿಖಿತ ಉತ್ತರ) ಬಂತು: ‘ಭೂಮಾಪಕರ ಕೊರತೆ ಇರುವುದರಿಂದ ವಿಷಯ ಪರಿಶೀಲನೆಯಲ್ಲಿದೆ.’ ಅಷ್ಟೇ. ಗಡುವು ಮುಗಿದು ಈಗ ಹತ್ತು ತಿಂಗಳು.

ಎರಡನೇದು ಸಿವಿಲ್ ಕೋರ್ಟಿನ ತಾತ್ಕಾಲಿಕ ಪ್ರತಿಬಂಧಕಾಜ್ಞೆ, 2025ರ ಜೂನ್. ಎದುರು ಪಾರ್ಟಿ ಹಾಜರಾಗುವ ಮೊದಲು ಏಕಪಕ್ಷೀಯವಾಗಿ ಆದದ್ದು. ದಾವೆ ಇನ್ನೂ ನಡೆದಿದೆ. ಹೊಲದ ದಾರಿಗೆ ಅಡ್ಡಿ ಮಾಡಬಾರದು ಅಂತ ಇದೆ. ನವೆಂಬರ್‌ನಲ್ಲಿ ಜೆಸಿಬಿ ತಂದು ದಾರಿಗೆ ಮಣ್ಣು ಸುರಿದು ಬದು ಏರಿಸಿದ್ದಾರೆ. ಕಬ್ಬಿನ ಟ್ರ್ಯಾಕ್ಟರ್ ಹೋಗೋದಿಲ್ಲ. ಪೊಲೀಸರು ‘ಸಿವಿಲ್ ಮ್ಯಾಟರ್, ಕೋರ್ಟಿಗೆ ಹೋಗ್ರಿ’ ಅಂತಾರೆ.

ಎರಡಕ್ಕೂ ಸೇರಿಸಿ ಧಾರವಾಡದಲ್ಲಿ ಒಂದೇ ನ್ಯಾಯಾಂಗ ನಿಂದನೆ ಅರ್ಜಿ ಹಾಕಬಹುದಾ? ವರ್ಗ ಆದವರ ಮ್ಯಾಲೆ ಹಾಕಬೇಕಾ, ಈಗ ಇದ್ದವರ ಮ್ಯಾಲಾ? ಹಿಂಬರಹ ಕೊಟ್ಟರೆ ಪಾಲನೆ ಆದಂಗ ಆಗ್ತದಾ?

---

ಕರಿಕೋಟು ಉತ್ತರ:

ಒಂದೇ ಅರ್ಜಿ ಆಗುವುದಿಲ್ಲ. ಎರಡು ಆದೇಶ, ಎರಡು ನ್ಯಾಯಾಲಯ, ಎರಡು ಬೇರೆ ಕಾನೂನು. ಎರಡನೆಯದನ್ನು ಕೆಳಕೋರ್ಟಿನ ಕೆಲಸ ಬಲ್ಲವರು ಹೇಳಲಿ. ನಾನು ರಿಟ್ ಆದೇಶವನ್ನು ಹಿಡಿಯುತ್ತೇನೆ, ಏಕೆಂದರೆ ನಿಮಗೆ ಅದರಲ್ಲಿ ದಿನ ಓಡುತ್ತಿದೆ.

ಮೊದಲು ಲೆಕ್ಕ. ಜನವರಿ 20ರಿಂದ 8 ವಾರ ಅಂದರೆ 56 ದಿನ. ಅದು 2025ರ ಮಾರ್ಚ್ 17ಕ್ಕೆ ಮುಗಿಯಿತು. ಮಾರ್ಚ್ 18ರಿಂದ ಉಲ್ಲಂಘನೆ ಶುರು. 1971ರ ನ್ಯಾಯಾಂಗ ನಿಂದನೆ ಕಾಯ್ದೆಯ 20ನೇ ಕಲಮಿನ ಪ್ರಕಾರ, ನಿಂದನೆ ನಡೆಯಿತು ಎನ್ನುವ ದಿನದಿಂದ ಒಂದು ವರ್ಷ ಕಳೆದ ಮೇಲೆ ನ್ಯಾಯಾಲಯ ನಡಾವಳಿ ಆರಂಭಿಸುವಂತಿಲ್ಲ. ಹೀಗಾಗಿ 2026ರ ಮಾರ್ಚ್ 17 ನಿಮ್ಮ ಕೊನೆಯ ದಿನ ಎಂದು ಬರೆದಿಟ್ಟುಕೊಳ್ಳಿ. ಅರ್ಜಿ ಆ ದಿನದೊಳಗೆ ಸಲ್ಲಿಕೆಯಾದರೆ ಸಾಕು, ನೋಟಿಸ್ ಆಮೇಲೆ ಹೊರಟರೂ ನಡೆಯುತ್ತದೆ. ಪಲ್ಲವ್ ಶೇಠ್ ಪ್ರಕರಣದಲ್ಲಿ (2001) ಸುಪ್ರೀಂ ಕೋರ್ಟ್ ಇದನ್ನು ಹೇಳಿದೆ. ಆದರೂ ಮಾರ್ಚ್‌ವರೆಗೆ ಕಾಯಬೇಡಿ. ರಿಜಿಸ್ಟ್ರಿಯವರು ಆಕ್ಷೇಪಣೆ ಹಾಕಿದರೆ (ಪುಟ ಮಸುಕು, ಕನ್ನಡ ದಾಖಲೆಗೆ ಅನುವಾದ ಇಲ್ಲ, ಪ್ರಮಾಣಪತ್ರದಲ್ಲಿ ದಿನಾಂಕ ಬಿಟ್ಟಿದೆ) ಅದನ್ನು ಸರಿಪಡಿಸುವ ಹೊತ್ತಿಗೆ ವಾರಗಳು ಹೋಗುತ್ತವೆ.

ಇಲ್ಲಿ ಜನ ಎಡವುವುದು ಒಂದೇ ಜಾಗದಲ್ಲಿ. ಗಡುವು ಮುಗಿದ ಮೇಲೆ ಒಂದರ ಮೇಲೊಂದು ಜ್ಞಾಪನ ಪತ್ರ ಕೊಡುತ್ತಾ, ಪ್ರತಿ ಪತ್ರದಿಂದ ಹೊಸ ವರ್ಷ ಶುರುವಾಗುತ್ತದೆ ಅಂದುಕೊಳ್ಳುತ್ತಾರೆ. ಆಗುವುದಿಲ್ಲ. ಆಗಸ್ಟ್‌ನ ಹಿಂಬರಹದಿಂದಲೂ ಹೊಸ ಲೆಕ್ಕ ಹುಟ್ಟುವುದಿಲ್ಲ. ‘ಇವತ್ತಿಗೂ ಪಾಲಿಸಿಲ್ಲ, ಆದ್ದರಿಂದ ಇದು ಮುಂದುವರಿದ ಉಲ್ಲಂಘನೆ’ ಎಂಬ ವಾದವನ್ನು ನಂಬಿ ಕೂರಬೇಡಿ. 2024ರಲ್ಲಿ ತಿರುಪತಿ ರಾವ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ತಪ್ಪಿನ ಪರಿಣಾಮ ಮುಂದುವರಿದ ಮಾತ್ರಕ್ಕೆ ತಪ್ಪೇ ಮುಂದುವರಿದಂತಲ್ಲ ಎಂದು ಬಿಗಿಯಾಗಿ ಹೇಳಿ, ವರ್ಷ ಮೀರಿದ ಅರ್ಜಿಯನ್ನು ಒಪ್ಪಲಿಲ್ಲ.

ಇನ್ನು ಆದೇಶ ಏನನ್ನು ಮಾಡಲು ಹೇಳಿದೆ ಎನ್ನುವುದು. ನಿಮ್ಮ ಆದೇಶ ‘ಹದ್ದುಬಸ್ತು ಮಾಡಿ ಕಲ್ಲು ನೆಡಿ’ ಎಂದಿಲ್ಲ. ‘ಅರ್ಜಿಯನ್ನು ಪರಿಗಣಿಸಿ ಇತ್ಯರ್ಥಪಡಿಸಿ’ ಎಂದಿದೆ. ನಿಂದನೆ ಪೀಠ ಆ ನಾಲ್ಕು ಗೆರೆಯ ಆಚೆ ಒಂದು ಹೆಜ್ಜೆಯೂ ಹೋಗುವುದಿಲ್ಲ (ಸುಧೀರ್ ವಾಸುದೇವ ಪ್ರಕರಣ, 2014). ಅಧಿಕಾರಿ ನಾಳೆ ಕಾರಣ ಬರೆದು ನಿಮ್ಮ ಅರ್ಜಿಯನ್ನು ತಿರಸ್ಕರಿಸಿದರೂ ಆದೇಶ ಪಾಲನೆಯಾದಂತೆಯೇ. ತಿರಸ್ಕಾರ ತಪ್ಪಿದ್ದರೆ ಅದು ಹೊಸ ವ್ಯಾಜ್ಯಕಾರಣ, ಅದಕ್ಕೆ ಹೊಸ ರಿಟ್ ಅಥವಾ ಮೇಲ್ಮನವಿ. ನಿಂದನೆಯಲ್ಲಿ ಆ ತಪ್ಪನ್ನು ಅಳೆಯುವುದಿಲ್ಲ (ಪರಿಹಾರ್ ಪ್ರಕರಣ, 1996). ಇದನ್ನು ಮನಸ್ಸಿನಲ್ಲಿಟ್ಟುಕೊಂಡು ಹೋಗಿ, ಇಲ್ಲದಿದ್ದರೆ ಗೆದ್ದ ದಿನವೇ ಸೋತಂತೆ ಅನ್ನಿಸುತ್ತದೆ.

ಹಿಂಬರಹದ ಪ್ರಶ್ನೆಗೆ: ‘ಪರಿಶೀಲನೆಯಲ್ಲಿದೆ’ ಎನ್ನುವುದು ಇತ್ಯರ್ಥವಲ್ಲ. ಅದು ಪಾಲನೆ ಆಗುವುದಿಲ್ಲ. ಅಷ್ಟೇ ಅಲ್ಲ, ಆ ಕಾಗದ ನಿಮ್ಮ ಕೈಯಲ್ಲಿರುವ ಒಳ್ಳೆಯ ಸಾಕ್ಷಿ. ಅದರ ‘ಉಲ್ಲೇಖ’ದ ಸಾಲುಗಳನ್ನು ನೋಡಿ. ರಿಟ್ ಅರ್ಜಿಯ ಸಂಖ್ಯೆಯನ್ನು ಅಲ್ಲಿ ಬರೆದಿದ್ದರೆ, ಆದೇಶ ಗೊತ್ತಿತ್ತು ಎಂದು ಕಚೇರಿಯೇ ಒಪ್ಪಿಕೊಂಡಂತಾಯಿತು. ಭೂಮಾಪಕರ ಕೊರತೆ ನಿಜವೇ ಇದ್ದರೆ ಗಡುವು ಮುಗಿಯುವ ಮೊದಲು ಹೈಕೋರ್ಟಿಗೆ ಹೋಗಿ ಕಾಲಾವಕಾಶ ವಿಸ್ತರಿಸಿ ಎಂದು ಕೇಳುವ ದಾರಿ ಅವರಿಗೆ ಇತ್ತು. ಕೇಳಲಿಲ್ಲ ಎನ್ನುವುದನ್ನು ಅರ್ಜಿಯಲ್ಲಿ ಒಂದು ಪ್ಯಾರಾ ಬರೆಯಿರಿ.

ಯಾರ ಮೇಲೆ: ಹುದ್ದೆಯ ಮೇಲೆ ಅಲ್ಲ, ಹೆಸರಿನ ಮೇಲೆ. ಇಲ್ಲಿ ನೀವು ಫಿರ್ಯಾದಿ, ಅವರು ಆರೋಪಿ. ಇದು ಅರೆ-ಕ್ರಿಮಿನಲ್ ಸ್ವರೂಪದ್ದು, ಹಾಗಾಗಿ ವ್ಯಕ್ತಿ ಬೇಕು. ಗಡುವು ಮುಗಿದಾಗ ಕುರ್ಚಿಯಲ್ಲಿದ್ದವರು ಒಬ್ಬರು, ಈಗ ಪಾಲಿಸಬಲ್ಲವರು ಇನ್ನೊಬ್ಬರು. ಈಗಿನವರಿಗೆ ಆದೇಶದ ದೃಢೀಕೃತ ನಕಲನ್ನು ಹೊಸದಾಗಿ ಕೊಟ್ಟಿದ್ದೀರಾ? ಇಲ್ಲದಿದ್ದರೆ ‘ನನಗೆ ಗೊತ್ತೇ ಇರಲಿಲ್ಲ’ ಎನ್ನುತ್ತಾರೆ, ಮತ್ತು ಅವರ ಮಟ್ಟಿಗೆ ಅದು ಸರಿಯಾದ ಉತ್ತರವೇ ಆಗಿರಬಹುದು. ಈ ವಾರವೇ ಕೊಡಿ, ಜೊತೆಗೆ 15 ದಿನದ ವಕೀಲರ ನೋಟಿಸ್ ಕಳಿಸಿ. ನೋಟಿಸ್ ಕಡ್ಡಾಯವೇನಲ್ಲ. ಆದರೆ 2(ಬಿ) ಕಲಮಿನಲ್ಲಿ ‘ಉದ್ದೇಶಪೂರ್ವಕ ಅವಿಧೇಯತೆ’ ಎಂಬ ಮಾತಿದೆಯಲ್ಲ, ಉದ್ದೇಶವನ್ನು ತೋರಿಸಲು ಇದಕ್ಕಿಂತ ಸುಲಭದ ಕಾಗದ ಇನ್ನೊಂದಿಲ್ಲ.

---

ಆವಕ-ಜಾವಕ ಉತ್ತರ:

ಕರಿಕೋಟು ಅವರು ಹೇಳಿದ್ದಕ್ಕೆ ಕಚೇರಿ ಕಡೆಯ ಎರಡು ಮಾತು ಸೇರಿಸುತ್ತೇನೆ.

ಬಾಂದುಕಲ್ಲು ಅವರೇ, ಜನವರಿ 20ರಂದು ಕೊಟ್ಟದ್ದು ದೃಢೀಕೃತ ನಕಲೋ, ಹೈಕೋರ್ಟ್ ವೆಬ್‌ಸೈಟಿನಿಂದ ತೆಗೆದ ಪ್ರಿಂಟೋ? ಆದೇಶದಲ್ಲಿ ‘ದೃಢೀಕೃತ ನಕಲು ತಲುಪಿದ 8 ವಾರ’ ಎಂದಿರುವಾಗ ವೆಬ್‌ಸೈಟ್ ಪ್ರಿಂಟ್ ಕೊಟ್ಟರೆ ‘ಗಡುವು ಇನ್ನೂ ಶುರುವೇ ಆಗಿಲ್ಲ’ ಎಂದು ಆಕ್ಷೇಪಣೆ ಬರುತ್ತದೆ. ಪ್ರಿಂಟ್ ಮಾತ್ರ ಕೊಟ್ಟಿದ್ದರೆ ಇವತ್ತೇ ನಕಲು ಅರ್ಜಿ ಹಾಕಿ, ದೃಢೀಕೃತ ಪ್ರತಿ ತಂದು ಮತ್ತೆ ಕೊಡಿ. ಆದರೆ ಹಳೇ ಮಾರ್ಚ್ 17ರ ದಿನವನ್ನೂ ಬಿಡಬೇಡಿ, ಎರಡರಲ್ಲಿ ಮೊದಲು ಬರುವ ದಿನವನ್ನೇ ಸುರಕ್ಷಿತ ಎಂದು ಹಿಡಿಯಿರಿ.

ಟಪಾಲಿನ ಸೀಲಿನಲ್ಲಿ ಮೂರು ಇರಬೇಕು: ಕಚೇರಿ ಹೆಸರು, ದಿನಾಂಕ, ಆವಕ ಸಂಖ್ಯೆ. ಬರೀ ಗೋಲ ಸೀಲು ಹೊಡೆದು ಸಂಖ್ಯೆ ಬರೆಯದೆ ಬಿಟ್ಟಿದ್ದರೆ ಮಾಹಿತಿ ಹಕ್ಕಿನಲ್ಲಿ ಆ ದಿನದ ಆವಕ ವಹಿಯ ಪುಟ ಕೇಳಿ. ಶುಲ್ಕ 10 ರೂಪಾಯಿ. ನಮ್ಮ ರಾಜ್ಯದ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದ ಮಿತಿ ಇದೆ. ಹಾಗಾಗಿ ಎರಡು ಅರ್ಜಿ ಮಾಡಿ: ಒಂದರಲ್ಲಿ ಆವಕ ವಹಿಯ ಪುಟ ಮತ್ತು ನಿಮ್ಮ ಕಡತದ ಟಿಪ್ಪಣಿ ಹಾಳೆ, ಇನ್ನೊಂದರಲ್ಲಿ 2025ರ ಜನವರಿಯಿಂದ ಇವತ್ತಿನವರೆಗೆ ಆ ಹುದ್ದೆಯಲ್ಲಿದ್ದ ಅಧಿಕಾರಿಗಳ ಹೆಸರು ಮತ್ತು ಅವಧಿ. ಉತ್ತರಕ್ಕೆ 30 ದಿನ. ನಿಮ್ಮ ಗಡುವಿಗೆ ಅದು ಸಾಲುತ್ತದೆ, ಆದರೆ ಇವತ್ತೇ ಹಾಕಿದರೆ ಮಾತ್ರ.

ಟಿಪ್ಪಣಿ ಹಾಳೆ ಬಹಳ ಮುಖ್ಯ. ಕಡತ ಯಾವ ಮೇಜಿಗೆ ಯಾವಾಗ ಹೋಯಿತು, ‘ರಿಟ್ ಆದೇಶವಿದೆ, ತುರ್ತು’ ಎಂದು ವಿಷಯ ನಿರ್ವಾಹಕರು ಬರೆದದ್ದಕ್ಕೆ ಮೇಲಿನವರು ಸಹಿ ಮಾಡಿದ್ದಾರಾ ಎನ್ನುವುದು ಅಲ್ಲಿ ಕಾಣುತ್ತದೆ. ಸಹಿ ಇದ್ದರೆ ‘ಗೊತ್ತಿರಲಿಲ್ಲ’ ಎನ್ನುವ ವಾದ ಅಲ್ಲಿಗೆ ಮುಗಿಯಿತು.

ಇನ್ನೊಂದು. ಸರ್ಕಾರಿ ವಕೀಲರ ಕಚೇರಿಗೆ ಪ್ರತಿ ಕೊಟ್ಟರೆ ಅಧಿಕಾರಿಗೆ ಕೊಟ್ಟಂತೆ ಎಂದು ತಿಳಿಯಬೇಡಿ. ಧಾರವಾಡದಿಂದ ಪತ್ರ ಹೊರಟು ತಾಲೂಕಿಗೆ ಬಂದು ಕಡತ ಸೇರುವುದರೊಳಗೆ ಗಡುವು ಅರ್ಧ ಕಳೆದಿರುತ್ತದೆ. ಅಧಿಕಾರಿಯ ಕಚೇರಿಗೆ ನೇರ ಕೊಡಿ, ಮೇಲೆ ಸ್ಪೀಡ್ ಪೋಸ್ಟ್‌ನಲ್ಲೂ ಒಂದು ಕಳಿಸಿ, ತಲುಪಿದ ವಿವರದ ಪ್ರಿಂಟ್ ಅದೇ ವಾರ ತೆಗೆದಿಟ್ಟುಕೊಳ್ಳಿ.

---

ಕೆಳಕೋರ್ಟಿನ ಹಳಬ ಉತ್ತರ:

ದಾರಿ ವಿಷಯ ನಾ ಹೇಳ್ತೀನ್ರಿ.

ಇದಕ್ಕ ಧಾರವಾಡಕ್ಕ ಹೋಗೂದು ಬ್ಯಾಡ. ಕೆಳಗಿನ ಕೋರ್ಟಿನ ಆದೇಶ ಮುರಿದರ ಕ್ರಮ ತಗೊಳ್ಳೂ ಅಧಿಕಾರ ನಿಂದನೆ ಕಾಯ್ದೆಯ 10ನೇ ಕಲಮಿನೊಳಗ ಹೈಕೋರ್ಟಿಗೆ ಐತಿ, ಖರೇ. ಆದ್ರ ಪ್ರತಿಬಂಧಕಾಜ್ಞೆ ಉಲ್ಲಂಘನೆಗೆ ಸಿವಿಲ್ ಪ್ರಕ್ರಿಯಾ ಸಂಹಿತೆಯೊಳಗ ಬ್ಯಾರೆ ದಾರಿ ಇಟ್ಟಾರ, ಆದೇಶ 39 ನಿಯಮ 2ಎ. ಅದನ್ನ ಬಿಟ್ಟು ಮ್ಯಾಲೆ ಹ್ವಾದ್ರ, ಮೊದಲು ಅಲ್ಲಿಗೆ ಹೋಗ್ರಿ ಅಂತ ಕಳಿಸೂದೇ ಹೆಚ್ಚು. ದಾವೆ ನಡದಿರೂ ಕೋರ್ಟಿನೊಳಗ ಅರ್ಜಿ ಹಾಕ್ರಿ.

2ಎ ಒಳಗ ಏನ್ ಸಿಗ್ತದ? ಮುರಿದವನ ಆಸ್ತಿ ಜಪ್ತಿ, ಸಿವಿಲ್ ಜೈಲು 3 ತಿಂಗಳ ತನಕ, ಇಲ್ಲಾ ಎರಡೂ. ಜಪ್ತಿ ಒಂದು ವರ್ಷದ ಮ್ಯಾಲೆ ಇರೂದಿಲ್ಲ. ಅಷ್ಟರೊಳಗ ಸರಿ ಮಾಡದಿದ್ರ ಆಸ್ತಿ ಹರಾಜು ಮಾಡಿ ನಿಮಗ ನಷ್ಟ ಪರಿಹಾರ ಕೊಡಬಹುದು. ಅಂದ್ರ ಕಬ್ಬು ಕಾರ್ಖಾನೆಗೆ ಹೋಗದ ನಿಂತ ನಷ್ಟದ ಲೆಕ್ಕ ಈಗಿಂದಾನ ಇಟಗೋರಿ: ಕಡಿಯೂ ಪರವಾನಗಿ ಚೀಟಿ, ತೂಕದ ಚೀಟಿ, ಹೊತಗೊಂಡು ಹೋಗಿ ತುಂಬಿಸಿದ ಕೂಲಿ.

ಇಂಥಾ ಕೇಸ್ ಮೂರು ಕಡೆ ಬಿದ್ದು ಹೋಗ್ತಾವ, ಒಂದೊಂದ ನೋಡ್ರಿ.

ಏಕಪಕ್ಷೀಯ ಆದೇಶ ಅಂದ್ರಲ್ಲ, ಆದೇಶ 39 ನಿಯಮ 3 ಪಾಲಿಸೀರಾ? ಆದೇಶ ಆದ ಕೂಡಲೇ ಅರ್ಜಿ, ಪ್ರಮಾಣಪತ್ರ, ದಾವಾ ಪ್ರತಿ, ದಾಖಲೆ ಎಲ್ಲಾ ಎದುರಿನವರಿಗೆ ಮುಟ್ಟಿಸಬೇಕು ಇಲ್ಲಾ ರಿಜಿಸ್ಟರ್ ಅಂಚೆಯೊಳಗ ಕಳಿಸಬೇಕು, ಹಂಗ ಕಳಿಸೀವಿ ಅಂತ ಅವತ್ತೇ ಇಲ್ಲಾ ಮರುದಿನ ಕೋರ್ಟಿಗೆ ಪ್ರಮಾಣಪತ್ರ ಹಾಕಬೇಕು. ಇದನ್ನ ಬಿಟ್ಟಿದ್ರ ಎದುರು ವಕೀಲರು ಮೊದಲನೇ ದಿನಾನ ಇದನ್ನೇ ಹಿಡೀತಾರ. ದಾವಾ ಕಡತ ತಪಾಸಣೆ ಮಾಡಿಸಿ ಆ ಪ್ರಮಾಣಪತ್ರ ಐತೋ ಇಲ್ಲೋ ನೋಡ್ರಿ. ಜೆಸಿಬಿ ಬಂದ ದಿನಕ್ಕಿಂತ ಮೊದಲು ಅವರಿಗೆ ಆದೇಶ ಗೊತ್ತಿತ್ತು ಅಂತ ತೋರಿಸಾಕ ಬೇಲೀಫನ (ನೋಟಿಸ್ ಮುಟ್ಟಿಸೂ ಕೋರ್ಟ್ ಸಿಬ್ಬಂದಿಯ) ಷರಾ ಬಹಳ ಉಪಯೋಗಕ್ಕ ಬರ್ತದ. ನವೆಂಬರ್ ಮೊದಲಾನ ಅವರ ವಕೀಲರು ವಕಾಲತ್ತು ಹಾಕಿದ್ರ ಇನ್ನೂ ಛಲೋ.

ಎರಡನೇದು ಚಕ್ಕುಬಂದಿ. ‘ದಾವಾ ಆಸ್ತಿಯ ದಾರಿ’ ಅಂತ ಬರದು, ಎಷ್ಟು ಫೂಟ ಅಗಲ, ಯಾವ ಸರ್ವೆ ನಂಬರಿನ ಯಾವ ದಿಕ್ಕಿನ ಬದುವಿನಗುಂಟ, ಎಲ್ಲಿಂದ ಎಲ್ಲಿ ತನಕ ಅಂತ ಬರೀದಿದ್ರ, ಕೈನಕಾಶೆ ಹಚ್ಚದಿದ್ರ, ‘ನಾವು ಮಣ್ಣು ಹಾಕಿದ್ದು ನಮ್ಮ ಹೊಲದಾಗ’ ಅಂತಾರ. ಆವಾಗ ಯಾವ ಜಾಗಾ ಅಂತ ಗೊತ್ತಾಗದ ಆದೇಶಕ್ಕ ಯಾರಿಗೂ ಶಿಕ್ಷೆ ಕೊಡಾಕ ಬರೂದಿಲ್ಲ. ಆದೇಶದೊಳಗ ಇದು ಮಸುಕಿದ್ರ ಈಗಾನ ಆದೇಶ 26 ನಿಯಮ 9ರ ಕೆಳಗ ಕೋರ್ಟ್ ಕಮಿಷನರ್ ಕೇಳ್ರಿ, ಭೂಮಾಪಕರನ್ನ ಜೋಡಿ ಕರ್ಕೊಂಡು ಹೋಗಾಕ ಕೇಳ್ರಿ. ಹಾಕಿದ ಮಣ್ಣಿನ ಉದ್ದ, ಅಗಲ, ಎತ್ತರ, ಗಾಲಿ ಗುರುತು, ಹಳೇ ದಾರಿಯ ಗಟ್ಟಿ ನೆಲ, ಇವೆಲ್ಲಾ ವರದಿಯೊಳಗ ಬರಲಿ. ಒಂದ ಮಳಿ ಆದ್ರ, ಇಲ್ಲಾ ರಂಟಿ ಹೊಡದ್ರ ಗುರುತು ಹೋಗ್ತಾವು. ಹಂಗಾಗಿ 2ಎ ಅರ್ಜಿ ಮತ್ತು ಕಮಿಷನರ್ ಅರ್ಜಿ ಒಂದೇ ದಿನ ಹಾಕೂದು ಛಲೋ.

ಮೂರನೇದು ಫೋಟೋ-ವಿಡಿಯೋ. ಮೊಬೈಲಿನೊಳಗಿಂದು ಪ್ರಿಂಟ್ ಹೊಡಿಸಿ ಕೊಟ್ರ ಆಗಲ್ಲ. ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನ ಪ್ರಮಾಣಪತ್ರ ಬೇಕು, ಹಳೇ ಸಾಕ್ಷ್ಯ ಕಾಯ್ದೆಯ 65ಬಿ ಹೋಗಿ 2024ರ ಜುಲೈ 1ರಿಂದ ಇದು ಬಂದದ. ಭಾಗ ಎ ನೀವು ಸಹಿ ಮಾಡೂದು, ಭಾಗ ಬಿ ತಜ್ಞರು. ಫೈಲಿನ ಹ್ಯಾಶ್ ಸಂಖ್ಯೆನೂ (ಫೈಲ್ ಬದಲಾಗಿಲ್ಲ ಅಂತ ತೋರಿಸೂ ಸಂಖ್ಯೆ) ಬರೀಬೇಕು. ವಾಟ್ಸಾಪಿನೊಳಗ ಕಳಿಸಿದ ಪ್ರತಿ ಬ್ಯಾರೆ ಫೈಲ ಆಗ್ತದ, ಹಂಗಾಗಿ ತೆಗೆದ ಮೊಬೈಲಿನ ಮೂಲ ಫೈಲ್ ಅಳಿಸಬ್ಯಾಡ್ರಿ. ಜೆಸಿಬಿಯ ನಂಬರ್ ಪ್ಲೇಟ್ ಕಾಣೂವಂಥ ಒಂದ ಫೋಟೋ ಇದ್ರ ಚಾಲಕನ್ನ ಸಾಕ್ಷಿಗೆ ಕರಿಸಬಹುದು. ಯಾರು ಬಾಡಿಗಿ ಕೊಟ್ರು ಅಂತ ಅವನ ಬಾಯಿಂದಾನ ಬರ್ತದ.

2ಎ ಅಂದ್ರ ಸಣ್ಣ ವಿಚಾರಣೆ ಇದ್ದಂಗ. ನೀವು ಕಟಕಟೆ ಹತ್ತಬೇಕು, ಪಾಟೀಸವಾಲು ಆಗ್ತದ. ತಿಂಗಳುಗಟ್ಟಲೆ ಹಿಡೀತದ. ಅಲ್ಲೀತನಕ ಕಬ್ಬು ನಿಲ್ಲೂದಿಲ್ಲ. ಅದಕ್ಕ ಅದೇ ದಿನ ಸಿವಿಲ್ ಪ್ರಕ್ರಿಯಾ ಸಂಹಿತೆಯ 151ನೇ ಕಲಮಿನ ಕೆಳಗ ಎರಡು ಅರ್ಜಿ ಹಾಕ್ರಿ: ಒಂದು ಮಣ್ಣು ತಗದು ದಾರಿ ಮೊದಲಿನಂಗ ಮಾಡಿಸಾಕ, ಇನ್ನೊಂದು ಪೊಲೀಸ್ ನೆರವಿಗೆ. ಪೊಲೀಸರು ‘ಕೋರ್ಟಿಗೆ ಹೋಗ್ರಿ’ ಅಂದಿದ್ದು ತಪ್ಪಲ್ಲ. ಬರೀ ಪ್ರತಿಬಂಧಕಾಜ್ಞೆ ಇಬ್ಬರ ನಡುವಿನದು, ಅದರೊಳಗ ಠಾಣೆಗೆ ಏನೂ ಆದೇಶ ಇರೂದಿಲ್ಲ. ನೆರವು ಕೊಡ್ರಿ ಅಂತ ಕೋರ್ಟ್ ಬರದ್ರ ಅವರು ಬರಲೇಬೇಕು.

ಮತ್ತೊಂದು ಮಾತು. ನಾಳೆ ಆ ಪ್ರತಿಬಂಧಕಾಜ್ಞೆ ರದ್ದಾದ್ರೂ, ಜಾರಿಯೊಳಗಿದ್ದಾಗ ಮುರದದ್ದು ಮುರದದ್ದೇ. ಸುಪ್ರೀಂ ಕೋರ್ಟ್ 1997ರಾಗ ತಯ್ಯಬ್‌ಭಾಯಿ ಕೇಸಿನೊಳಗ ಇದನ್ನ ಹೇಳೇತಿ.

---

ಭೀಮಾತೀರ ಕೇಳಿದ್ದು:

ಇದೇ ಎಳೆಯಲ್ಲಿ ಒಂದು ಪ್ರಶ್ನೆ. ವಿಜಯಪುರ ಜಿಲ್ಲೆ, ಇಂಡಿ ಕಡೆ. ದಾವೆ 2019ರಲ್ಲೇ ಡಿಕ್ರಿ (ಅಂತಿಮ ತೀರ್ಪಿನ ಆದೇಶ) ಆಗಿದೆ, ಶಾಶ್ವತ ಪ್ರತಿಬಂಧಕಾಜ್ಞೆ. ಜೊತೆಗೆ ಅಡ್ಡಗೋಡೆ ಕೆಡವಬೇಕು ಅಂತಲೂ ಇದೆ. ಗೋಡೆ ಇನ್ನೂ ನಿಂತಿದೆ, ಈಗ ಮತ್ತೆ ಅತಿಕ್ರಮ ಶುರುವಾಗಿದೆ. ನಾವೂ 2ಎ ಹಾಕಬಹುದಾ, ಧಾರವಾಡಕ್ಕೆ ಹೋಗಬೇಕಾ?

---

ಕರಿಕೋಟು ಉತ್ತರ:

ಮೊದಲು ಊರು ಸರಿಮಾಡೋಣ. ಬೆಳಗಾವಿ, ಬಾಗಲಕೋಟೆ ಧಾರವಾಡ ಪೀಠಕ್ಕೆ. ವಿಜಯಪುರ ಕಲಬುರಗಿ ಪೀಠಕ್ಕೆ. ಆಲಮಟ್ಟಿ ಹಿನ್ನೀರಿನ ಈ ದಡದವರು ಧಾರವಾಡಕ್ಕೆ, ಆ ದಡದವರು ಕಲಬುರಗಿಗೆ ಹೋಗಬೇಕಾಗುತ್ತದೆ. ಆನ್‌ಲೈನ್‌ನಲ್ಲಿ ಪ್ರಕರಣ ಹುಡುಕುವಾಗಲೂ ಇದು ಉಪಯೋಗ: ಧಾರವಾಡದ ಸಂಖ್ಯೆಗಳು ಒಂದು ಲಕ್ಷದ ಮೇಲಿಂದ, ಕಲಬುರಗಿಯವು ಎರಡು ಲಕ್ಷದ ಮೇಲಿಂದ ಶುರುವಾಗುತ್ತವೆ. ನಿಂದನೆ ಪ್ರಕರಣಕ್ಕೆ ‘ಸಿಸಿಸಿ’ ಎಂಬ ವಿಧವನ್ನು ಆರಿಸಬೇಕು.

ಆದರೆ ನಿಮಗೆ ಯಾವ ಪೀಠವೂ ಬೇಡ, 2ಎ ಕೂಡ ಬೇಡ. ದಾವೆ ಡಿಕ್ರಿಯಾದ ಕೂಡಲೇ ಮಧ್ಯಂತರ ಆದೇಶ ಡಿಕ್ರಿಯಲ್ಲಿ ಲೀನವಾಯಿತು. ಆಮೇಲಿನ ಉಲ್ಲಂಘನೆಗೆ 2ಎ ನಿಲ್ಲುವುದಿಲ್ಲ, ಅಮಲ್ಜಾರಿಯೇ (ಡಿಕ್ರಿಯನ್ನು ಕೋರ್ಟಿನ ಮೂಲಕ ಜಾರಿ ಮಾಡಿಸುವುದು) ದಾರಿ ಎಂದು ಕನ್ವರ್ ಸಿಂಗ್ ಸೈನಿ ಪ್ರಕರಣ (2012) ಸ್ಪಷ್ಟ ಮಾಡಿದೆ. ಆದೇಶ 21 ನಿಯಮ 32ರ ಕೆಳಗೆ ಅಮಲ್ಜಾರಿ ಅರ್ಜಿ ಹಾಕಿ. ಪಾಲಿಸಲು ಅವಕಾಶವಿದ್ದೂ ಬೇಕೆಂದೇ ಪಾಲಿಸಲಿಲ್ಲ ಎಂದು ತೋರಿಸಬೇಕು. ಜಪ್ತಿ, ಸಿವಿಲ್ ಜೈಲು ಎರಡೂ ಇವೆ. ಉಪನಿಯಮ 5ರಲ್ಲಿ ಕೋರ್ಟ್ ತಾನೇ ಆ ಕೆಲಸ ಮಾಡಿಸಿ ಖರ್ಚನ್ನು ಎದುರಿನವರಿಂದ ವಸೂಲು ಮಾಡಬಹುದು.

ನಿಮ್ಮ ಡಿಕ್ರಿಯಲ್ಲಿ ಒಂದು ನೋವಿನ ಸಂಗತಿ ಇದೆ. ‘ಅಡ್ಡಿ ಮಾಡಬಾರದು’ ಎಂಬ ಶಾಶ್ವತ ಪ್ರತಿಬಂಧಕಾಜ್ಞೆಯ ಅಮಲಿಗೆ ಕಾಲಮಿತಿಯೇ ಇಲ್ಲ. 1963ರ ಕಾಲಪರಿಮಿತಿ ಕಾಯ್ದೆಯ ಅನುಚ್ಛೇದ 136ರ ಪರಂತುಕ (ವಿನಾಯಿತಿಯ ಸಾಲು) ನೋಡಿ. ‘ಗೋಡೆ ಕೆಡವಬೇಕು’ ಎಂಬ ಆಜ್ಞಾಪಕ ಭಾಗಕ್ಕೆ ಅನುಚ್ಛೇದ 135ರಂತೆ ಬರೀ 3 ವರ್ಷ. ಎಲ್ಲ ಡಿಕ್ರಿಗೂ 12 ವರ್ಷ ಇದೆ ಎಂದು ನಂಬಿ ಕುಳಿತವರು ಈ ಭಾಗವನ್ನು ಕಳೆದುಕೊಳ್ಳುತ್ತಾರೆ. 2019ರ ನಂತರ ಮೇಲ್ಮನವಿ ನಡೆದಿತ್ತಾ, ಮೇಲ್ಮನವಿಯ ಡಿಕ್ರಿ ಯಾವ ದಿನದ್ದು, ಕೆಡವಲು ಡಿಕ್ರಿಯಲ್ಲೇ ದಿನ ಕೊಟ್ಟಿದ್ದರಾ, ಕೋವಿಡ್ ಅವಧಿಯಲ್ಲಿ ಸುಪ್ರೀಂ ಕೋರ್ಟ್ 2020ರ ಮಾರ್ಚ್ 15ರಿಂದ 2022ರ ಫೆಬ್ರುವರಿ 28ರವರೆಗೆ ಹೊರಗಿಟ್ಟ ಕಾಲ ನಿಮಗೆ ಅನ್ವಯಿಸುತ್ತದಾ, ಇಷ್ಟನ್ನೂ ಲೆಕ್ಕ ಹಾಕಿಸಿ. ಈಗಿನ ಹೊಸ ಅತಿಕ್ರಮಕ್ಕೆ ಮಾತ್ರ ಯಾವ ಅಡ್ಡಿಯೂ ಇಲ್ಲ, ಅದಕ್ಕೆ ಅಮಲ್ಜಾರಿ ಹಾಕಿ.

---

ಬಾಂದುಕಲ್ಲು:

ದೃಢೀಕೃತ ನಕಲೇ ಕೊಟ್ಟೀವಿ ರೀ, ಆವಕ ಸಂಖ್ಯೆಯೂ ಐತಿ. ಹಿಂಬರಹದ ಉಲ್ಲೇಖದಲ್ಲಿ ರಿಟ್ ನಂಬರೂ ಇದೆ. ನಿಯಮ 3ರ ಪ್ರಮಾಣಪತ್ರವೂ ಕಡತದಲ್ಲಿ ಇದೆ ಅಂತ ವಕೀಲರು ಹೇಳಿದರು. ಈಗ ಕಚೇರಿಯವರು ಬಾಯಿಮಾತಿನಲ್ಲಿ ‘ಮೇಲ್ಮನವಿ ಹಾಕ್ತಿದ್ದೇವೆ, ಅಲ್ಲಿ ತನಕ ನಿಂದನೆ ಆಗೋದಿಲ್ಲ’ ಅಂತಾರೆ. ಇದು ಖರೇನಾ? ಮತ್ತೆ ನಿಂದನೆ ಹಾಕಿದರೆ ಜೈಲು ಆಗೇ ಆಗ್ತದ ಅಂತ ಊರಲ್ಲಿ ಎಲ್ಲರೂ ಅಂತಾರೆ.

---

ಕರಿಕೋಟು ಉತ್ತರ:

ಮೇಲ್ಮನವಿ ಹಾಕಿದ ಮಾತ್ರಕ್ಕೆ ಆದೇಶ ನಿಲ್ಲುವುದಿಲ್ಲ. ತಡೆಯಾಜ್ಞೆ ಸಿಕ್ಕರೆ ಮಾತ್ರ ನಿಲ್ಲುತ್ತದೆ. ಸಿವಿಲ್ ಪ್ರಕರಣಕ್ಕೆ ಆದೇಶ 41 ನಿಯಮ 5 ಇದನ್ನೇ ಹೇಳುತ್ತದೆ, ರಿಟ್‌ಗೂ ತತ್ವ ಇದೇ. ಏಕಸದಸ್ಯ ಪೀಠದ ಆದೇಶದ ಮೇಲಿನ ರಿಟ್ ಮೇಲ್ಮನವಿಗೆ 30 ದಿನದ ಅವಧಿ. ಅದು ಎಂದೋ ಮುಗಿದಿದೆ, ಈಗ ಹಾಕಿದರೆ ವಿಳಂಬ ಮನ್ನಾ ಅರ್ಜಿಯೊಂದಿಗೆ ಬರಬೇಕು. ನಿಂದನೆ ನೋಟಿಸ್ ಹೋದ ಮೇಲೆ ಹೀಗೆ ಮೇಲ್ಮನವಿ ಬರುವುದು ಸಾಮಾನ್ಯ. ತಡೆ ಅರ್ಜಿ ಬಾಕಿ ಇದ್ದರೆ ಅದನ್ನು ಮೊದಲು ತೀರ್ಮಾನಿಸುವುದು ಸೂಕ್ತ ಎಂದು ಮಾಡರ್ನ್ ಫುಡ್ ಪ್ರಕರಣದಲ್ಲಿ (1995) ಹೇಳಿರುವುದರಿಂದ ನಿಮ್ಮ ನಿಂದನೆ ಕೆಲಕಾಲ ನಿಲ್ಲಬಹುದು. ಆದ್ದರಿಂದ ಈಗಲೇ ಕೇವಿಯಟ್ (ನಮ್ಮನ್ನು ಕೇಳದೆ ಆದೇಶ ಮಾಡಬೇಡಿ ಎಂಬ ಮುನ್ನರ್ಜಿ) ಹಾಕಿಡಿ, 90 ದಿನ ಜೀವ ಇರುತ್ತದೆ. ನಿಮ್ಮ ಮಾತು ಕೇಳದೆ ತಡೆ ಸಿಗುವುದು ಕಷ್ಟವಾಗುತ್ತದೆ.

ಜೈಲಿನ ಮಾತು. ನಿಂದನೆ ಕಾಯ್ದೆಯ 12ನೇ ಕಲಮಿನಲ್ಲಿ ಗರಿಷ್ಠ 6 ತಿಂಗಳ ಸಾದಾ ಸಜೆ, 2,000 ರೂಪಾಯಿ ದಂಡ, ಅಥವಾ ಎರಡೂ ಇದೆ. ಸಿವಿಲ್ ನಿಂದನೆಯಲ್ಲಿ ದಂಡ ಸಾಲದು, ಜೈಲೇ ಬೇಕು ಎಂದು ನ್ಯಾಯಾಲಯಕ್ಕೆ ಅನ್ನಿಸಿದರೂ ಸಿವಿಲ್ ಜೈಲು. ಪ್ರಾಮಾಣಿಕ ಕ್ಷಮೆ ಬಂದರೆ ಶಿಕ್ಷೆ ಬಿಡಬಹುದು, ಕ್ಷಮೆಗೆ ಷರತ್ತು ಇದೆ ಎಂಬ ಒಂದೇ ಕಾರಣಕ್ಕೆ ಅದನ್ನು ತಳ್ಳುವಂತಿಲ್ಲ. ಧಾರವಾಡದಲ್ಲಿ ನಿಂದನೆಯನ್ನು ದ್ವಿಸದಸ್ಯ ಪೀಠ ಕೇಳುತ್ತದೆ. ನೋಟಿಸ್ ಹೋಗುತ್ತದೆ, ಸರ್ಕಾರಿ ವಕೀಲರು ಸಮಯ ಕೇಳುತ್ತಾರೆ, ಮುಂದಿನ ದಿನಾಂಕದೊಳಗೆ ಪಾಲನಾ ಪ್ರಮಾಣಪತ್ರ ಬರುತ್ತದೆ. ಬಹುಪಾಲು ಪ್ರಕರಣಗಳು ಅಲ್ಲೇ ಮುಗಿಯುತ್ತವೆ. ಪಾಲನೆ ಬರದಿದ್ದರೆ ದೋಷಾರೋಪ ಹೊರಿಸುವುದು, ಉತ್ತರ, ಬೇಕಿದ್ದರೆ ಸಾಕ್ಷ್ಯ. ಅಧಿಕಾರಿಯನ್ನು ನಿಲ್ಲಿಸಿ ಬೈಯಿಸಬೇಕು ಎಂಬ ಆಸೆ ಇದ್ದರೆ ಬಿಡಿ. 2024ರ ಜನವರಿ 3ರ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಅಧಿಕಾರಿಗಳನ್ನು ಕರೆಸುವುದಕ್ಕೆ ಕಾರ್ಯವಿಧಾನವನ್ನೇ ಬರೆದಿದೆ: ಮಾಮೂಲಿಯಾಗಿ ಕರೆಸಬಾರದು, ಕರೆಸುವುದಾದರೆ ಮೊದಲ ಆಯ್ಕೆ ವಿಡಿಯೋ ಕಾನ್ಫರೆನ್ಸ್.

ಪಾಲನಾ ಪ್ರಮಾಣಪತ್ರ ಬಂದ ದಿನ ಜಾಗ್ರತೆ ಬೇಕು. ಅದರ ಜೊತೆ ಲಗತ್ತಿಸಿದ ಆದೇಶವನ್ನು ಅಲ್ಲೇ ಓದಿ. ಇತ್ಯರ್ಥದ ಆದೇಶವೋ, ಮತ್ತೊಂದು ‘ಕ್ರಮ ವಹಿಸಲಾಗುವುದು’ ಪತ್ರವೋ ನೋಡಿ. ಪತ್ರ ಮಾತ್ರ ಇದ್ದರೆ ಇದು ಪಾಲನೆಯಲ್ಲ ಎಂದು ಅದೇ ದಿನ ನಿಮ್ಮ ವಕೀಲರು ಹೇಳಬೇಕು. ತಿರಸ್ಕಾರದ ಆದೇಶವಾಗಿದ್ದರೆ ನಿಂದನೆ ಮುಕ್ತಾಯಗೊಳಿಸುವಾಗ ‘ಆ ಆದೇಶವನ್ನು ಪ್ರಶ್ನಿಸುವ ಸ್ವಾತಂತ್ರ್ಯ ಕಾಯ್ದಿರಿಸಿದೆ’ ಎಂಬ ಸಾಲು ದಾಖಲಾಗುವಂತೆ ಕೇಳಿ. ನಿಂದನೆ ಕೈಬಿಟ್ಟ ಆದೇಶದ ಮೇಲೆ ನಿಮಗೆ 19ನೇ ಕಲಮಿನ ಮೇಲ್ಮನವಿ ಇಲ್ಲ, ಅದು ಶಿಕ್ಷೆಯಾದವರಿಗೆ ಮಾತ್ರ (ಮಿದ್ನಾಪುರ ಸಹಕಾರಿ ಬ್ಯಾಂಕ್ ಪ್ರಕರಣ, 2006). ಹಾಗಾಗಿ ಆ ಒಂದು ಸಾಲಿಗೆ ಬೆಲೆ ಇದೆ.

---

ಆವಕ-ಜಾವಕ ಉತ್ತರ:

ಇದೇ ಜಾಗದಲ್ಲಿ ಯುಕೆಪಿ (ಕೃಷ್ಣಾ ಮೇಲ್ದಂಡೆ ಯೋಜನೆ) ಮುಳುಗಡೆ ಪರಿಹಾರದವರು ಪ್ರಶ್ನೆ ಕೇಳುತ್ತಾರೆ, ಅದಕ್ಕೂ ಇಲ್ಲೇ ಹೇಳಿಬಿಡುತ್ತೇನೆ. ಭೂಸ್ವಾಧೀನದ ಹೆಚ್ಚುವರಿ ಪರಿಹಾರದ ತೀರ್ಪು ಹಣದ ಡಿಕ್ರಿ. ಹಣ ಕಟ್ಟಲಿಲ್ಲ ಎಂದು ನಿಂದನೆ ಹಾಕಿದರೆ ಅಮಲ್ಜಾರಿಗೆ ಹೋಗಿ ಎಂದೇ ಉತ್ತರ. ಸರ್ಕಾರದ ವಿರುದ್ಧದ ಡಿಕ್ರಿಗೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 82ನೇ ಕಲಮಿನಂತೆ 3 ತಿಂಗಳು ಕಳೆದ ಮೇಲಷ್ಟೇ ಅಮಲ್ಜಾರಿ ಹೊರಡುತ್ತದೆ. ಕಚೇರಿಯ ಜೀಪು, ಕಂಪ್ಯೂಟರು, ಕುರ್ಚಿ ಜಪ್ತಿ ಆಗುವುದು ಈ ದಾರಿಯಲ್ಲಿ. ಅರ್ಜಿಯ ಜೊತೆ ಅಸಲು, ಬಡ್ಡಿ, ಹಿಂದೆ ಕಟ್ಟಿದ ಮೊತ್ತ, ಬಾಕಿ ಎಂದು ದಿನಾಂಕವಾರು ಲೆಕ್ಕಪಟ್ಟಿ ಇರಲಿ. ಲೆಕ್ಕದಲ್ಲಿ ತಕರಾರು ಎದ್ದರೆ ಅದೊಂದೇ ಕಾರಣಕ್ಕೆ ಎಷ್ಟೋ ದಿನಾಂಕ ಹೋಗುತ್ತವೆ.

---

ಕೆಳಕೋರ್ಟಿನ ಹಳಬ ಉತ್ತರ:

ಬಾಂದುಕಲ್ಲು ಅವರ, ನಿಯಮ 3ರ ಪ್ರಮಾಣಪತ್ರ ಐತಿ ಅಂದ್ರ ಅರ್ಧ ಭಾರ ಇಳೀತು. ಅದರ ದೃಢೀಕೃತ ನಕಲು, ಬೇಲೀಫನ ಷರಾದ ನಕಲು, ಆದೇಶದ ನಕಲು, ಈ ಮೂರಕ್ಕೂ ಒಂದೇ ನಕಲು ಅರ್ಜಿ ಹಾಕಿಬಿಡ್ರಿ. ಇನ್ನೊಂದು ನೆನಪಿಡ್ರಿ: ಏಕಪಕ್ಷೀಯ ಆದೇಶ ಎಲ್ಲೀತನಕ ವಿಸ್ತರಣೆ ಆಗೇತಿ ಅಂತ ಪ್ರತಿ ದಿನಾಂಕದ ಆದೇಶ ಹಾಳಿ ನೋಡ್ರಿ. ‘ಮುಂದಿನ ದಿನಾಂಕದವರೆಗೆ’ ಅಂತ ಕೊಟ್ಟು, ನಡುವ ಒಂದ ದಿನಾಂಕಕ್ಕ ವಿಸ್ತರಣೆ ಬರೀದ ಬಿಟ್ಟಿದ್ರ, ಜೆಸಿಬಿ ಆ ಸಂದಿನೊಳಗ ಬಂದಿದ್ರ, ಆವತ್ತು ಆದೇಶ ಜಾರಿಯೊಳಗ ಇರಲಿಲ್ಲ ಅಂತಾರ. ನವೆಂಬರದ ಆ ದಿನಕ್ಕ ಆದೇಶ ಜೀವಂತ ಇತ್ತು ಅಂತ ಹಾಳಿ ತೋರಿಸಿದ್ರ, ಸೋಮವಾರನ 2ಎ, ಕಮಿಷನರ್, 151 ಮೂರೂ ಕೂಡಿಸಿ ಹಾಕಾಕ ಅಡ್ಡಿ ಇಲ್ಲ.

---

ಬಾಂದುಕಲ್ಲು:

ಆದೇಶ ಹಾಳಿ ಎಲ್ಲಾ ಇಳಿಸಿಕೊಂಡೆ ರೀ. ಸೆಪ್ಟೆಂಬರ್‌ನಲ್ಲೇ ‘ಮುಂದಿನ ಆದೇಶದವರೆಗೆ’ ಅಂತ ವಿಸ್ತರಣೆ ಆಗಿದೆ. ಮಾಹಿತಿ ಹಕ್ಕಿನ ಎರಡೂ ಅರ್ಜಿ ಇವತ್ತು ಕೊಟ್ಟೀವಿ. ಈಗಿನ ಅಧಿಕಾರಿಗೆ ನಕಲು ನಾಳೆ ಟಪಾಲಿಗೆ.